ನೂಲು ಬದಲಾದಾಗ ಕೈಗೆ ಏನು ಗೊತ್ತಿರಬೇಕು?



ಜೋಳದ ರೊಟ್ಟಿ ಬಡಿಯುವುದನ್ನು ನೀವು ನೋಡಿದ್ದೀರಲ್ಲವೆ? ಬಾಗಲಕೋಟೆ ಜಿಲ್ಲೆಯ ಕಡೆ ಬೆಳಗಾದರೆ ಅದರ ಸಪ್ಪಳ ಕೇಳದ ಓಣಿಯೇ ಇಲ್ಲ. ದಿನವೂ ಸರಿಯಾಗಿ ಬರುವ ರೊಟ್ಟಿ ಒಂದೊಂದು ದಿನ ಕೈಕೊಡುತ್ತದೆ. ಬಡಿಯುವಾಗಲೇ ಅಂಚು ಸೀಳುತ್ತದೆ. ಎತ್ತಿ ಹಂಚಿಗೆ ಹಾಕುವಷ್ಟರಲ್ಲಿ ನಡುವೆ ಹರಿಯುತ್ತದೆ. ಆಗ ಅವ್ವ “ಹಿಟ್ಟಿಗೆ ಜಿಗಿ ಇಲ್ಲ” ಎನ್ನುತ್ತಾಳೆ. ಹಾಗೆಂದು ಹಿಟ್ಟನ್ನು ಚೆಲ್ಲುವುದಿಲ್ಲ. ಎಸರನ್ನು ಚೆನ್ನಾಗಿ ಕುದಿಸುತ್ತಾಳೆ, ಎಂದಿಗಿಂತ ಸ್ವಲ್ಪ ಹೆಚ್ಚು ಹಿಟ್ಟನ್ನು ಅದರಲ್ಲಿ ಬೇಯಿಸುತ್ತಾಳೆ, ಹೆಚ್ಚು ಹೊತ್ತು ನಾದುತ್ತಾಳೆ. ಈಗ ರೊಟ್ಟಿ ಹರಿಯುವುದಿಲ್ಲ.

ಇದರ ಹಿಂದೆ ವಿಜ್ಞಾನವಿದೆ. ಗೋಧಿ ಹಿಟ್ಟಿನಲ್ಲಿ ಗ್ಲುಟೆನ್ ಎಂಬ ಪ್ರೋಟೀನು ಇದೆ. ನೀರು ಹಾಕಿ ನಾದಿದರೆ ಅದು ಜಿಗುಟಾದ ಬಲೆಯಂತಾಗಿ ಹಿಟ್ಟನ್ನು ಹಿಡಿದುಕೊಳ್ಳುತ್ತದೆ. ಜೋಳದಲ್ಲಿ ಗ್ಲುಟೆನ್ ಇಲ್ಲ. ಜೋಳದ ಹಿಟ್ಟನ್ನು ಹಿಡಿದಿಡುವುದು ಅದರ ಪಿಷ್ಟ. ಸುಮಾರು 70 ಡಿಗ್ರಿ ಸೆಲ್ಸಿಯಸ್ ಬಿಸಿಯಲ್ಲಿ ಪಿಷ್ಟದ ಕಣಗಳು ನೀರು ಕುಡಿದು ಉಬ್ಬಿ ಅಂಟಾಗುತ್ತವೆ. ಜಿಗಿ ಕಡಿಮೆ ಇರುವ ಹಿಟ್ಟಿಗೆ ಹೆಚ್ಚು ಅಂಟು ಬೇಕು, ಆದ್ದರಿಂದ ಹೆಚ್ಚು ಬೇಯಿಸಬೇಕು. ಅವ್ವನಿಗೆ ಪಿಷ್ಟ ಎಂಬ ಶಬ್ದ ಗೊತ್ತಿಲ್ಲದಿರಬಹುದು. ಆದರೆ ಬಿಸಿ ನೀರು ಯಾವ ಕೆಲಸಕ್ಕೆ ಎಂಬುದು ಆಕೆಗೆ ಗೊತ್ತು.

ಈಗ ಇನ್ನೊಬ್ಬರನ್ನು ಊಹಿಸಿಕೊಳ್ಳಿ. “ಒಂದು ಬಟ್ಟಲು ಹಿಟ್ಟು, ಒಂದು ಬಟ್ಟಲು ನೀರು, ಇಷ್ಟು ಹೊತ್ತು ನಾದು” ಎಂದು ಕಲಿತವರು ಅವರು. ಹೊಸ ಹಿಟ್ಟು ಇರುವವರೆಗೆ ಅವರ ರೊಟ್ಟಿಯೂ ಅಷ್ಟೇ ಚಂದ. ಬಹುಶಃ ಅವ್ವನಿಗಿಂತ ಬೇಗನೆ ಬಡಿದು ಮುಗಿಸಿಯಾರು. ಹಿಟ್ಟು ಬದಲಾದ ದಿನ ಮಾತ್ರ ಇಬ್ಬರ ನಡುವಿನ ವ್ಯತ್ಯಾಸ ಕಾಣುತ್ತದೆ.

ಜಪಾನಿನ ಇಬ್ಬರು ಮನೋವಿಜ್ಞಾನಿಗಳು, ಗಿಯೂ ಹತಾನೊ ಮತ್ತು ಕಯೋಕೊ ಇನಗಾಕಿ, 1986ರಲ್ಲಿ ಈ ಎರಡು ಬಗೆಯ ಪರಿಣತಿಗೆ ಬೇರೆ ಬೇರೆ ಹೆಸರು ಕೊಟ್ಟರು. ಒಂದು, ರೂಢಿಯ ಪರಿಣತಿ. ಅಂದರೆ ಗೊತ್ತಿರುವ ಕೆಲಸವನ್ನು ತಪ್ಪಿಲ್ಲದೆ, ವೇಗವಾಗಿ ಮಾಡುವುದು. ಇನ್ನೊಂದು, ಹೊಂದಿಕೊಳ್ಳುವ ಪರಿಣತಿ. ಅಂದರೆ ಸಾಮಗ್ರಿಯೋ ಸಲಕರಣೆಯೋ ಸನ್ನಿವೇಶವೋ ಬದಲಾದಾಗ ಹೊಸ ದಾರಿ ಹುಡುಕುವುದು.

ಹತಾನೊ ಅವರಿಗೆ ಈ ಯೋಚನೆ ಬರಲು ಮಣಿಚೌಕಟ್ಟು, ಅಂದರೆ ಅಬ್ಯಾಕಸ್, ಒಂದು ಕಾರಣ. ಜಪಾನಿನಲ್ಲಿ ಮಣಿಚೌಕಟ್ಟಿನ ಸ್ಪರ್ಧೆಗಳಲ್ಲಿ ಗೆಲ್ಲುವವರಿದ್ದಾರೆ. ಅವರು ಚೌಕಟ್ಟನ್ನು ಮುಟ್ಟದೆ, ಮನಸ್ಸಿನಲ್ಲೇ ಮಣಿಗಳನ್ನು ಸರಿಸಿ ದೊಡ್ಡ ದೊಡ್ಡ ಲೆಕ್ಕ ಮಾಡುತ್ತಾರೆ. 1983ರಲ್ಲಿ ಪ್ರಕಟವಾದ ಅಧ್ಯಯನದಲ್ಲಿ ಅಂಥ ಪರಿಣತರಿಗೆ ಅಂಕಿಗಳನ್ನು ಒಂದರ ಹಿಂದೊಂದು ಹೇಳಲಾಯಿತು. ಸುಮಾರು 15 ಅಂಕಿಗಳನ್ನು ಅವರು ನೆನಪಿಟ್ಟು ಒಪ್ಪಿಸಿದರು. ನಮ್ಮ ನಿಮ್ಮಂಥವರು ಏಳೆಂಟಕ್ಕೆ ತಡವರಿಸುತ್ತೇವೆ. ಅಬ್ಬಾ, ಎಂಥ ನೆನಪಿನ ಶಕ್ತಿ ಎನಿಸುತ್ತದೆಯಲ್ಲವೆ? ಆದರೆ ಅಂಕಿಗಳ ಬದಲು ಅಕ್ಷರಗಳನ್ನೋ ಹಣ್ಣಿನ ಹೆಸರುಗಳನ್ನೋ ಹೇಳಿದಾಗ ಅವರು ಎಲ್ಲರಂತೆಯೇ ಇದ್ದರು. ಅವರ ಮೆದುಳು ಎಲ್ಲ ವಿಷಯಗಳಲ್ಲೂ ಚುರುಕಾಗಿರಲಿಲ್ಲ. ಮಣಿಗಳ ಚಿತ್ರಕ್ಕೆ ಒಗ್ಗುವ ಒಂದೇ ವಿಷಯದಲ್ಲಿ ಅದು ಪಳಗಿತ್ತು. ನಿಮ್ಮೂರಿನಲ್ಲಿ ಯಾರಾದರೂ “ಈ ತರಗತಿಗೆ ಸೇರಿದರೆ ಮಗುವಿನ ಬುದ್ಧಿಯೆಲ್ಲ ಹರಿತವಾಗುತ್ತದೆ” ಎಂದು ಹೇಳಿದರೆ ಈ ಪ್ರಯೋಗವನ್ನು ನೆನಪಿಸಿಕೊಳ್ಳಿ.

ರೂಢಿಯ ಪರಿಣತಿ ಕೀಳು ಎಂದು ತಿಳಿಯಬೇಡಿ. ಅದಿಲ್ಲದೆ ದಿನ ಸಾಗುವುದಿಲ್ಲ. ಸೈಕಲ್ ಕಲಿಯುವಾಗ ನೆನಪಿದೆಯೆ? ಹ್ಯಾಂಡಲ್ ನೋಡಿದರೆ ಪೆಡಲ್ ಮರೆಯುತ್ತಿತ್ತು, ಪೆಡಲ್ ನೋಡಿದರೆ ಎದುರಿಗೆ ಎಮ್ಮೆ ಬರುತ್ತಿತ್ತು. ಪ್ರತಿಯೊಂದು ಚಲನೆಗೂ ಗಮನ ಕೊಡಬೇಕಾಗುತ್ತಿತ್ತು. ಅಭ್ಯಾಸವಾದಂತೆ ಆ ಕೆಲಸವನ್ನು ಕಿರುಮೆದುಳು ಮತ್ತು ಮೆದುಳಿನ ಒಳಭಾಗದ ಕೆಲವು ಗಂಟುಗಳು ವಹಿಸಿಕೊಳ್ಳುತ್ತವೆ. ನರಕೋಶಗಳ ನಡುವಿನ ಸಂಪರ್ಕಗಳು ಗಟ್ಟಿಯಾಗುತ್ತವೆ. ಆಮೇಲೆ ನೀವು ಗೆಳೆಯನೊಡನೆ ಹರಟೆ ಹೊಡೆಯುತ್ತಲೇ ಸೈಕಲ್ ತುಳಿಯುತ್ತೀರಿ. ಗಮನ ಬಿಡುವಾಗಿದ್ದರಿಂದಲೇ ದಾರಿಯ ಗುಂಡಿ ಕಾಣುತ್ತದೆ. ಕೈಕಾಲಿಗೆ ರೂಢಿಯಾಗದೆ ತಲೆಗೆ ಬಿಡುವು ಸಿಗುವುದಿಲ್ಲ. ನನ್ನ ತಕರಾರು ಇರುವುದು ಆ ಬಿಡುವನ್ನು ಬಳಸಿಕೊಳ್ಳದೆ ಅಲ್ಲಿಗೇ ನಿಂತುಬಿಡುವುದರ ಬಗ್ಗೆ.

ಇದನ್ನು ಚೆನ್ನಾಗಿ ನೋಡಬೇಕಾದರೆ ರಬಕವಿಗೆ ಹೋಗೋಣ. ರಬಕವಿ-ಬನಹಟ್ಟಿ ನೇಕಾರರ ಊರು. ಹಿಂದೆ ಇಲ್ಲಿ ಮನೆಮನೆಯಲ್ಲಿ ಕುಣಿಮಗ್ಗ ಇರುತ್ತಿತ್ತು. ನೆಲದಲ್ಲಿ ಒಂದು ಕುಣಿ ತೋಡಿ, ಅದರಲ್ಲಿ ಕಾಲು ಇಳಿಬಿಟ್ಟು ಕುಳಿತು ತುಳಿಗೋಲು ತುಳಿಯುವ ಮಗ್ಗ ಅದು. ಈಗ ವಿದ್ಯುತ್ ಮಗ್ಗಗಳೇ ಹೆಚ್ಚು. ಓಣಿಯಲ್ಲಿ ನಡೆದರೆ ಖಟಪಟ ಸದ್ದು ಕಿವಿ ತುಂಬುತ್ತದೆ. (ಆ ಸದ್ದಿನಲ್ಲಿ ದಿನವಿಡೀ ದುಡಿಯುವವರು ಕಿವಿಗೆ ರಕ್ಷಣೆ ಹಾಕಿಕೊಳ್ಳುವುದು ಒಳ್ಳೆಯದು. 85 ಡೆಸಿಬೆಲ್ ಮೀರಿದ ಸದ್ದನ್ನು ವರ್ಷಗಟ್ಟಲೆ ಕೇಳಿದರೆ ಕಿವಿ ಮಂದವಾಗುತ್ತದೆ.)

ಬಟ್ಟೆಯಲ್ಲಿ ಎರಡು ಬಗೆಯ ಎಳೆಗಳಿವೆ. ಉದ್ದಕ್ಕೆ ಬಿಗಿದು ಕಟ್ಟಿದ್ದು ಹಾಸು. ಅಡ್ಡಕ್ಕೆ ಲಾಳಿಯೊಂದಿಗೆ ಓಡಾಡುವುದು ಹೊಕ್ಕು. ಒಂದು ವಿಷಯ ಬದುಕಿನೊಳಗೆ ಪೂರ್ತಿ ಬೆರೆತುಹೋದಾಗ “ಹಾಸುಹೊಕ್ಕಾಗಿದೆ” ಎನ್ನುತ್ತೇವಲ್ಲ, ಆ ಮಾತು ಮಗ್ಗದಿಂದ ಬಂದದ್ದು. ಒಂದು ಲೆಕ್ಕ ಮಾಡಿ. ಆರು ಗಜದ ಸೀರೆ ಎಂದರೆ 216 ಅಂಗುಲ. ಅಂಗುಲಕ್ಕೆ 60 ಹೊಕ್ಕಿನ ಎಳೆ ಎಂದು ಇಟ್ಟುಕೊಂಡರೆ ಲಾಳಿ 12,960 ಸಲ ಅತ್ತಿಂದಿತ್ತ ಓಡಬೇಕು. ಅಷ್ಟು ಸಲವೂ ಹಾಸಿನ ಎಳೆಗಳು ಮೇಲೆ ಕೆಳಗೆ ಏಳುತ್ತವೆ, ಬೀಳುತ್ತವೆ, ಹಣಿಗೆಗೆ ಉಜ್ಜುತ್ತವೆ. ಎಳೆ ಹರಿದರೆ ಕೆಲಸ ನಿಲ್ಲಿಸಿ ಗಂಟು ಹಾಕಬೇಕು. ನೇಕಾರನ ಅರ್ಧ ಚಿಂತೆ ಈ ಎಳೆ ಹರಿಯುವುದರ ಬಗ್ಗೆಯೇ.

ಹತ್ತಿಯ ನೂಲು ನೇಯುವವರು ತಲೆಮಾರುಗಳಿಂದ ಒಂದು ಮಾತು ಬಲ್ಲರು. ಗಾಳಿ ಒಣಗಿದರೆ ಎಳೆ ಹರಿಯುತ್ತದೆ, ತೇವವಿದ್ದರೆ ತಾಳುತ್ತದೆ. ಕುಣಿಮಗ್ಗದಲ್ಲಿ ಹಾಸು ನೆಲಕ್ಕೆ ಹತ್ತಿರವಿರುವುದರಿಂದ ನೆಲದ ತಂಪು ಅದಕ್ಕೆ ತಾಗುತ್ತದೆ. ಬೇಸಿಗೆಯಲ್ಲಿ ಮಗ್ಗದ ಕೋಣೆಗೆ ನೀರು ಚಿಮುಕಿಸುವುದೂ ಉಂಟು. ಇಂಗ್ಲೆಂಡಿನ ಲ್ಯಾಂಕಾಷೈರ್ ಪ್ರಾಂತದಲ್ಲಿ ಹತ್ತಿ ಗಿರಣಿಗಳು ಬೆಳೆದದ್ದಕ್ಕೆ ಅಲ್ಲಿನ ತೇವದ ಹವೆಯೂ ಒಂದು ಕಾರಣ ಎನ್ನುತ್ತಾರೆ.

ತೇವಕ್ಕೂ ಹತ್ತಿಗೂ ಏನು ನಂಟು? ಹತ್ತಿಯ ಎಳೆ ಸೆಲ್ಯುಲೋಸ್ ಎಂಬ ವಸ್ತುವಿನ ಬಹಳ ಉದ್ದವಾದ ಸರಪಳಿಗಳಿಂದ ಆಗಿದೆ. ಈ ಸರಪಳಿಗಳು ಹೆಚ್ಚಿನ ಕಡೆ ಒತ್ತೊತ್ತಾಗಿ, ಸಾಲಾಗಿ ಜೋಡಿಸಿಕೊಂಡಿವೆ. ತೇವ ತಾಗಿದಾಗ ಎಳೆ ಸ್ವಲ್ಪ ಉಬ್ಬುತ್ತದೆ, ಒಳಗಿನ ಬಿಗುವು ಸಡಿಲವಾಗುತ್ತದೆ, ಜಗ್ಗಿದ ಭಾರ ಸರಪಳಿಗಳ ನಡುವೆ ಹೆಚ್ಚು ಸಮನಾಗಿ ಹಂಚಿಹೋಗುತ್ತದೆ. ಹಗ್ಗಜಗ್ಗಾಟದಲ್ಲಿ ಹತ್ತು ಜನರಲ್ಲಿ ಇಬ್ಬರೇ ಜಗ್ಗಿದರೆ ಸೋಲು, ಹತ್ತೂ ಜನ ಒಟ್ಟಿಗೆ ಜಗ್ಗಿದರೆ ಗೆಲುವು. ಇಲ್ಲಿಯೂ ಹಾಗೆಯೇ. ಒಣಗಿದ ಹತ್ತಿ ನೂಲಿಗಿಂತ ಒದ್ದೆಯಾದ ಹತ್ತಿ ನೂಲಿಗೆ ಬಲ ಹೆಚ್ಚು.

ಈಗ ನೂಲು ಬದಲಾಗುತ್ತದೆ. ಮಾರುಕಟ್ಟೆಯಲ್ಲಿ ರೇಷ್ಮೆಯಂತೆ ಹೊಳೆಯುವ, ಬೆಲೆ ಕಡಿಮೆಯ ನೂಲು ಬಂತು. ಅದರ ಹೆಸರು ವಿಸ್ಕೋಸ್ ಅಥವಾ ರೇಯಾನ್. ಇಲಕಲ್ ಕಡೆ ಇದನ್ನು ಚಮಕಾ ಎನ್ನುತ್ತಾರೆ. 1892ರಲ್ಲಿ ಇಂಗ್ಲೆಂಡಿನ ರಸಾಯನ ವಿಜ್ಞಾನಿಗಳು ಇದನ್ನು ತಯಾರಿಸುವ ಬಗೆ ಕಂಡುಹಿಡಿದರು. ಮರದ ತಿರುಳನ್ನು ರಾಸಾಯನಿಕಗಳಲ್ಲಿ ಕರಗಿಸಿ, ಸಣ್ಣ ತೂತುಗಳ ಮೂಲಕ ಹೊರಡಿಸಿ ಎಳೆ ಮಾಡುತ್ತಾರೆ. ನಮ್ಮ ರಾಜ್ಯದಲ್ಲೇ ಹರಿಹರದ ಹತ್ತಿರ, ತುಂಗಭದ್ರೆಯ ದಂಡೆಯಲ್ಲಿ ಮರದ ತಿರುಳಿನಿಂದ ವಿಸ್ಕೋಸ್ ಎಳೆ ತಯಾರಿಸುವ ದೊಡ್ಡ ಕಾರ್ಖಾನೆ ಇದೆ.

ವಿಸ್ಕೋಸ್ ಕೂಡ ಹತ್ತಿಯಂತೆ ಸೆಲ್ಯುಲೋಸೇ. ಹಾಗಾದರೆ ಎಳೆ ಹರಿಯುತ್ತಿದ್ದರೆ ನೀರು ಚಿಮುಕಿಸಿದರೆ ಆಯಿತಲ್ಲ? ಚಿಮುಕಿಸಿದರೆ ಇನ್ನೂ ಹೆಚ್ಚು ಹರಿಯುತ್ತದೆ! ಕರಗಿಸಿ ಮತ್ತೆ ಎಳೆ ಮಾಡುವಾಗ ಸರಪಳಿಗಳು ಗಿಡ್ಡವಾಗಿರುತ್ತವೆ, ಅವುಗಳ ಜೋಡಣೆಯೂ ಹತ್ತಿಯಷ್ಟು ಅಚ್ಚುಕಟ್ಟಾಗಿರುವುದಿಲ್ಲ. ನೀರು ಸುಲಭವಾಗಿ ಒಳನುಗ್ಗಿ ಒಂದು ಸರಪಳಿ ಇನ್ನೊಂದನ್ನು ಹಿಡಿದಿರುವ ಹಿಡಿತವನ್ನೇ ಸಡಿಲಿಸುತ್ತದೆ. ಪೂರ್ತಿ ಒದ್ದೆಯಾದ ಸಾಮಾನ್ಯ ವಿಸ್ಕೋಸ್ ನೂಲಿನ ಬಲ ಸುಮಾರು ಅರ್ಧಕ್ಕೆ ಇಳಿಯುತ್ತದೆ. ರೇಷ್ಮೆಯೂ ಒದ್ದೆಯಾದರೆ ಸ್ವಲ್ಪ ಬಲ ಕಳೆದುಕೊಳ್ಳುತ್ತದೆ.

ಇನ್ನು ಪಾಲಿಯೆಸ್ಟರ್ ಬಂದರೆ ಕಥೆಯೇ ಬೇರೆ. ಅದು ನೀರನ್ನು ಹೀರುವುದೇ ಇಲ್ಲ ಎನ್ನಬಹುದು. ಸಾಧಾರಣ ಹವೆಯಲ್ಲಿ 100 ಗ್ರಾಂ ಒಣ ಹತ್ತಿ ಸುಮಾರು 8 ಗ್ರಾಂ ತೇವ ಹಿಡಿದುಕೊಂಡರೆ, 100 ಗ್ರಾಂ ಪಾಲಿಯೆಸ್ಟರ್ ಅರ್ಧ ಗ್ರಾಮನ್ನೂ ಹಿಡಿಯುವುದಿಲ್ಲ. ಅದರ ಬಲ ಒದ್ದೆಯಾದರೂ ಒಣಗಿದರೂ ಒಂದೇ. ಆದರೆ ಒಣ ಗಾಳಿಯಲ್ಲಿ ಎಳೆಗೆ ಎಳೆ ಉಜ್ಜಿ ಸ್ಥಿರ ವಿದ್ಯುತ್ತು ಹುಟ್ಟುತ್ತದೆ. ಬಾಚಣಿಗೆಯನ್ನು ಕೂದಲಿಗೆ ತಿಕ್ಕಿ ಕಾಗದದ ಚೂರು ಎತ್ತುತ್ತೀರಲ್ಲ, ಅದೇ. ಎಳೆಗಳು ಒಂದಕ್ಕೊಂದು ಅಂಟುತ್ತವೆ, ಇಲ್ಲವೇ ದೂರ ಸರಿದು ಹರಡುತ್ತವೆ. ಇಲ್ಲಿಯೂ ಗಾಳಿಯಲ್ಲಿ ತೇವ ಇದ್ದರೆ ಒಳ್ಳೆಯದು, ಆದರೆ ಕಾರಣ ಮಾತ್ರ ಪೂರ್ತಿ ಬೇರೆ.

ಬಾಗಲಕೋಟೆ ಜಿಲ್ಲೆಯ ಇನ್ನೊಂದು ತುದಿಯ ಇಲಕಲ್ಲಿನ ಸೀರೆಯಲ್ಲಿ ಈ ಪ್ರಶ್ನೆ ಒಂದೇ ಮಗ್ಗದ ಮೇಲೆ ಬರುತ್ತದೆ. ಅಲ್ಲಿ ಒಡಲಿನ ಹಾಸು ಹತ್ತಿ ಇರಬಹುದು, ಸೆರಗಿನ ಹಾಸು ರೇಷ್ಮೆಯೋ ಚಮಕಾವೋ ಇರುತ್ತದೆ. ಎರಡನ್ನೂ ಕೊಂಡಿ ಹಾಕಿ ಎಳೆ ಎಳೆಯಾಗಿ ಜೋಡಿಸುತ್ತಾರೆ. ಒಡಲು ನೇಯುವಾಗಿನ ತೇವದ ಲೆಕ್ಕ ಸೆರಗಿಗೆ ಬಂದಾಗ ನಡೆಯುವುದಿಲ್ಲ.

“ಎಳೆ ಹರಿದರೆ ನೀರು ಚಿಮುಕಿಸು” ಎಂದಷ್ಟೇ ಕಲಿತ ಕೈ ನೂಲು ಬದಲಾದ ದಿನ ಸೋಲುತ್ತದೆ. “ಹತ್ತಿಗೆ ತೇವ ಬಲ ಕೊಡುತ್ತದೆ” ಎಂದು ಕಲಿತ ಕೈ ಹೊಸ ನೂಲು ಕಂಡಾಗ ಕೇಳುತ್ತದೆ: ಇದಕ್ಕೂ ಹಾಗೆಯೇ ಆಗುತ್ತದೆಯೆ? ಒಂದು ತುಂಡು ಎಳೆಯನ್ನು ನೀರಿನಲ್ಲಿ ಅದ್ದಿ ಜಗ್ಗಿ ನೋಡುತ್ತದೆ. ಮಗ್ಗಕ್ಕೆ ಕೈ ಹಾಕುವ ಮೊದಲೇ ಉತ್ತರ ಸಿಗುತ್ತದೆ.

ಈ ಪರೀಕ್ಷೆಯನ್ನು ನೀವೂ ಮಾಡಬಹುದು. ಹೂ ಕಟ್ಟುವ ತೆಳು ಹತ್ತಿ ದಾರದ ತುಂಡುಗಳನ್ನು ಒಂದೇ ಅಳತೆಗೆ ಕತ್ತರಿಸಿ. ಕಿಟಕಿಯ ಸರಳಿಗೆ ಒಂದು ತುದಿ ಕಟ್ಟಿ, ಇನ್ನೊಂದು ತುದಿಗೆ ಸಣ್ಣ ಕೈಚೀಲ ಕಟ್ಟಿ. ಚೀಲಕ್ಕೆ ಒಂದೊಂದೇ ಕಲ್ಲು ಹಾಕುತ್ತ ಹೋಗಿ. ದಾರ ಹರಿದಾಗ ಎಷ್ಟು ಕಲ್ಲು ಇದ್ದವು ಎಂದು ಬರೆದುಕೊಳ್ಳಿ. ಚೀಲದ ಕೆಳಗೆ ಕಾಲು ಇಡಬೇಡಿ. ಹತ್ತು ತುಂಡು ಒಣಗಿದ್ದು, ಹತ್ತು ತುಂಡು ಒದ್ದೆಯದು ಪರೀಕ್ಷಿಸಿ ಸರಾಸರಿ ತೆಗೆಯಿರಿ. ಒಂದೇ ತುಂಡು ನೋಡಿ ತೀರ್ಮಾನ ಮಾಡಬೇಡಿ, ಏಕೆಂದರೆ ದಾರದಲ್ಲಿ ಅಲ್ಲಲ್ಲಿ ತೆಳು ಜಾಗ ಇರುತ್ತದೆ. ಆಮೇಲೆ ಕಸೂತಿಗೆ ಬಳಸುವ ರೇಯಾನ್ ದಾರ ಸಿಕ್ಕರೆ ಅದರ ಮೇಲೂ ಇದೇ ಪ್ರಯೋಗ ಮಾಡಿ. ದರ್ಜಿಯ ಅಂಗಡಿಯ ಹೊಲಿಗೆ ದಾರ ಈಗ ಹೆಚ್ಚಾಗಿ ಪಾಲಿಯೆಸ್ಟರ್. ಅದನ್ನು ಹತ್ತಿ ಎಂದು ತಿಳಿದು ಪ್ರಯೋಗ ಮಾಡಿದರೆ ಉತ್ತರ ನಿಮ್ಮನ್ನು ಗೊಂದಲಕ್ಕೆ ತಳ್ಳುತ್ತದೆ.

ನೂಲಿನಂತೆ ಮಗ್ಗವೂ ಬದಲಾಗುತ್ತ ಬಂದಿದೆ. 1733ರಲ್ಲಿ ಇಂಗ್ಲೆಂಡಿನ ಜಾನ್ ಕೇ ಎಂಬಾತ ಹಗ್ಗ ಜಗ್ಗಿದರೆ ತಾನೇ ಓಡುವ ಲಾಳಿಯನ್ನು ಕಂಡುಹಿಡಿದ. 1785ರಲ್ಲಿ ಎಡ್ಮಂಡ್ ಕಾರ್ಟ್‌ರೈಟ್ ಯಂತ್ರದ ಮಗ್ಗಕ್ಕೆ ಪೇಟೆಂಟ್ ಪಡೆದ. ಆತ ಪಾದ್ರಿ, ನೇಯ್ಗೆ ತಿಳಿದವನಲ್ಲ. ಅವನ ಮೊದಲ ಯಂತ್ರ ಬಹಳ ಒರಟಾಗಿತ್ತು, ಅದನ್ನು ಬಹಳಷ್ಟು ತಿದ್ದಬೇಕಾಯಿತು. 1804ರ ಹೊತ್ತಿಗೆ ಫ್ರಾನ್ಸಿನ ಜೋಸೆಫ್ ಜಕಾರ್ಡ್ ತೂತು ಹೊಡೆದ ರಟ್ಟುಗಳಿಂದ ವಿನ್ಯಾಸ ನೇಯುವ ಸಾಧನ ಮಾಡಿದ. ರಟ್ಟಿನಲ್ಲಿ ತೂತು ಇದ್ದರೆ ಆ ಎಳೆ ಮೇಲೇಳುತ್ತದೆ, ಇಲ್ಲದಿದ್ದರೆ ಇಲ್ಲ. ಕಂಪ್ಯೂಟರಿನ ಹಳೆಯ ಚರಿತ್ರೆ ಓದಿದರೆ ಈ ರಟ್ಟುಗಳ ಹೆಸರು ಬರುತ್ತದೆ. ಸೀರೆಯ ದಡಿಯ ಬುಟ್ಟಾಗಳನ್ನು ನೇಯಲು ನಮ್ಮ ಮಗ್ಗಗಳ ಮೇಲೂ ಜಕಾರ್ಡ್ ಇರುತ್ತದೆ.

ಕುಣಿಮಗ್ಗ ಬಿಟ್ಟು ವಿದ್ಯುತ್ ಮಗ್ಗಕ್ಕೆ ಹೋದವರಿಗೆ ಹಳೆಯ ಕಲಿಕೆಯೆಲ್ಲ ವ್ಯರ್ಥವಾಯಿತೆ? ಕೆಲವು ವ್ಯರ್ಥವಾಯಿತು. ತುಳಿಗೋಲಿನ ತಾಳ, ಲಾಳಿ ಎಸೆಯುವ ಕೈಯ ಹದ, ಇವಕ್ಕೆ ಯಂತ್ರದ ಮುಂದೆ ಬೆಲೆ ಉಳಿಯಲಿಲ್ಲ. ಅದನ್ನು ಮುಚ್ಚಿಡಬಾರದು. ಹಾಸಿನ ಬಿಗಿ ಎಷ್ಟಿರಬೇಕು, ಗಂಜಿ ಸರಿಯಾಗಿ ಹಿಡಿದಿದೆಯೆ, ಬಟ್ಟೆಯಲ್ಲಿ ಗೀರು ಬಿದ್ದರೆ ದೋಷ ಹಣಿಗೆಯದೋ ನೂಲಿನದೋ, ಇಂಥ ತಿಳಿವಳಿಕೆ ಮಾತ್ರ ಹೊಸ ಮಗ್ಗಕ್ಕೂ ಬಂತು. ಅನುಭವಿ ನೇಕಾರರು ಮಗ್ಗದ ಸದ್ದು ಬದಲಾದ ಕೂಡಲೇ ಎಲ್ಲೋ ಏನೋ ಆಗಿದೆ ಎಂದು ತಲೆ ಎತ್ತುತ್ತಾರೆ. ಕಾರಣ ತಿಳಿದು ಕಲಿತದ್ದು ಹೀಗೆ ಒಂದು ಮಗ್ಗದಿಂದ ಇನ್ನೊಂದಕ್ಕೆ ದಾಟುತ್ತದೆ.

ಆದರೆ ಕಲಿಕೆ ತಾನಾಗಿಯೇ ಎಲ್ಲ ಕಡೆ ದಾಟುವುದಿಲ್ಲ. ಇದಕ್ಕೆ ಮಕ್ಕಳ ಮೇಲೆಯೇ ನಡೆದ ಅಧ್ಯಯನಗಳಿವೆ. ಬ್ರೆಜಿಲ್ ದೇಶದ ರೆಸಿಫೆ ನಗರದ ಬೀದಿಯಲ್ಲಿ ವ್ಯಾಪಾರ ಮಾಡುವ ಮಕ್ಕಳ ಲೆಕ್ಕವನ್ನು ಸಂಶೋಧಕರು ಪರೀಕ್ಷಿಸಿ 1985ರಲ್ಲಿ ಪ್ರಕಟಿಸಿದರು. ಒಂದು ತೆಂಗಿನಕಾಯಿಗೆ 35 ಆದರೆ ಹತ್ತಕ್ಕೆ ಎಷ್ಟು ಎಂದರೆ ಒಬ್ಬ ಹುಡುಗ ಮೂರಕ್ಕೆ 105, ಇನ್ನು ಮೂರು ಸೇರಿದರೆ 210 ಎಂದು ಕೂಡಿಸುತ್ತ 350ಕ್ಕೆ ಬಂದ. ಹತ್ತರಿಂದ ಗುಣಿಸುವಾಗ ಸೊನ್ನೆ ಸೇರಿಸಿದರೆ ಸಾಕು ಎಂಬ ಶಾಲೆಯ ನಿಯಮವನ್ನು ಅವನು ಬಳಸಲಿಲ್ಲ. ಅಂಗಡಿಯ ಮುಂದೆ ಈ ಮಕ್ಕಳ ಉತ್ತರ 100ಕ್ಕೆ 98ರಷ್ಟು ಸರಿ. ಅದೇ ಲೆಕ್ಕಗಳನ್ನು ಬರೀ ಅಂಕಿಗಳಲ್ಲಿ ಬರೆದು ಕೊಟ್ಟಾಗ 100ಕ್ಕೆ 37ರಷ್ಟು ಮಾತ್ರ ಸರಿ.

ನಮ್ಮ ದೇಶದಲ್ಲೂ ಇಂಥ ಅಧ್ಯಯನ ನಡೆದಿದೆ. ನೊಬೆಲ್ ಪ್ರಶಸ್ತಿ ಪಡೆದ ಅಭಿಜಿತ್ ಬ್ಯಾನರ್ಜಿ, ಎಸ್ತರ್ ಡುಫ್ಲೊ ಮತ್ತು ಅವರ ಸಂಗಡಿಗರು ಕೋಲ್ಕತ್ತ ಮತ್ತು ದೆಹಲಿಯ ಮಾರುಕಟ್ಟೆಗಳಲ್ಲಿ ಕೆಲಸ ಮಾಡುವ ಮಕ್ಕಳನ್ನು ಪರೀಕ್ಷಿಸಿ 2025ರಲ್ಲಿ ಫಲಿತಾಂಶ ಪ್ರಕಟಿಸಿದರು. ತರಕಾರಿಯ ಕಷ್ಟದ ಲೆಕ್ಕವನ್ನು ಬಾಯಲ್ಲೇ ಮಾಡುವ ಮಕ್ಕಳು ಪುಸ್ತಕದ ಸುಲಭ ಭಾಗಾಕಾರದಲ್ಲಿ ತಡವರಿಸಿದರು. ಶಾಲೆಗಷ್ಟೇ ಹೋಗುವ ಮಕ್ಕಳು ಪುಸ್ತಕದ ಲೆಕ್ಕದಲ್ಲಿ ಮೇಲಿದ್ದರು, ಮಾರುಕಟ್ಟೆಯ ಲೆಕ್ಕ ಬಂದಾಗ ಹಿಂದೆ ಬಿದ್ದರು. ಎರಡು ಗುಂಪುಗಳಲ್ಲಿ ಯಾವುದೂ ದಡ್ಡರ ಗುಂಪಲ್ಲ. ಎರಡು ಲೆಕ್ಕಗಳ ನಡುವೆ ಯಾರೂ ಅವರಿಗೆ ಸೇತುವೆ ಕಟ್ಟಿಕೊಟ್ಟಿರಲಿಲ್ಲ.

ರಬಕವಿಯ ಶಾಲೆಗಳಲ್ಲಿ ಈ ಸೇತುವೆ ಕಟ್ಟುವುದು ಎಷ್ಟು ಸುಲಭ ನೋಡಿ. ನೂಲಿನ ಕಟ್ಟಿನ ಮೇಲೆ 40, 60, 80 ಎಂದು ಬರೆದಿರುತ್ತದೆ. ಅದು ನೂಲಿನ ನಂಬರು. ನಂಬರು ಹೆಚ್ಚಾದಷ್ಟೂ ನೂಲು ತೆಳು. ಹೊಸಬರಿಗೆ ಇದು ತಲೆಕೆಳಗು ಎನಿಸುತ್ತದೆ, ಮಗ್ಗದ ಮನೆಯ ಮಕ್ಕಳಿಗೆ ಬಾಯಿಪಾಠ. ಏಕೆ ಹಾಗೆ? 840 ಗಜ ನೂಲಿಗೆ ಒಂದು ಲಡಿ. ಒಂದು ಪೌಂಡು, ಅಂದರೆ ಸುಮಾರು 454 ಗ್ರಾಂ ತೂಕಕ್ಕೆ ಎಷ್ಟು ಲಡಿ ಬರುತ್ತವೋ ಅದೇ ಹತ್ತಿ ನೂಲಿನ ನಂಬರು. 40ನೇ ನಂಬರಿನ ಒಂದು ಪೌಂಡು ನೂಲನ್ನು ಬಿಚ್ಚಿದರೆ 33,600 ಗಜ, ಅಂದರೆ 30 ಕಿಲೋಮೀಟರಿಗೂ ಹೆಚ್ಚು ಉದ್ದ! 80ನೇ ನಂಬರಿನದು ಅದರ ಎರಡರಷ್ಟು ಉದ್ದ, ಆದ್ದರಿಂದ ಅಷ್ಟೇ ಉದ್ದದ ತುಂಡಿನ ತೂಕ ಅರ್ಧ. ಗಣಿತ ಪುಸ್ತಕದಲ್ಲಿ “ವಿಲೋಮ ಅನುಪಾತ” ಎಂಬ ಪಾಠ ಬಂದಾಗ ಹತ್ತು ಆಳು, ಇಪ್ಪತ್ತು ದಿನ, ಗೋಡೆ ಕಟ್ಟುವ ಲೆಕ್ಕ ಕೊಡುತ್ತಾರೆ. ಮೇಷ್ಟ್ರು ನೂಲಿನ ಎರಡು ಕಟ್ಟು ತಂದು ಮೇಜಿನ ಮೇಲಿಟ್ಟು ಪಾಠ ಆರಂಭಿಸಿದರೆ ತರಗತಿಯ ಎಷ್ಟೋ ಮಕ್ಕಳು ಅಂದು ಮೇಷ್ಟ್ರಿಗೇ ಹೇಳಿಕೊಟ್ಟಾರು.

ಶಾಲೆ ಬಿಟ್ಟು ಮಗ್ಗಕ್ಕೆ ಕೂಡಿ ಎಂದು ನಾನು ಹೇಳುತ್ತಿದ್ದೇನೆಂದು ತಿಳಿಯಬೇಡಿ. 14 ವರ್ಷದೊಳಗಿನ ಮಕ್ಕಳನ್ನು ದುಡಿಮೆಗೆ ಹಚ್ಚುವುದನ್ನು ಕಾನೂನು ನಿಷೇಧಿಸಿದೆ. 2016ರ ತಿದ್ದುಪಡಿಯ ಪ್ರಕಾರ ಮನೆಯವರ ಕೆಲಸದಲ್ಲಿ ನೆರವಾಗುವುದೂ ಶಾಲೆಯ ಸಮಯದ ಆಚೆ ಮಾತ್ರ, ಅಪಾಯವಿಲ್ಲದ ಕೆಲಸವಾದರೆ ಮಾತ್ರ. ಆದರೆ “ಓದದಿದ್ದರೆ ಮಗ್ಗವೇ ಗತಿ” ಎಂದು ಮಕ್ಕಳನ್ನು ಬೆದರಿಸುವ ಮಾತು ನನಗೆ ಸರಿ ಕಾಣುವುದಿಲ್ಲ. ಆ ಮಾತು ಕೇಳಿದ ಹುಡುಗಿಗೆ ತನ್ನ ಅಜ್ಜನಿಗೆ ಗೊತ್ತಿರುವುದು ವಿದ್ಯೆಯಲ್ಲ ಎನಿಸುತ್ತದೆ. ತೇವದ, ಬಿಗಿಯ, ಅನುಪಾತದ ಇಷ್ಟು ದೊಡ್ಡ ಪಾಠ ಮನೆಯಲ್ಲೇ ಇದ್ದರೂ ಆಕೆ ಕೇಳದೆ ಹೋಗುತ್ತಾಳೆ.

ಇನ್ನೊಂದು ಮಾತು ಹೇಳಬೇಕು. ಕಾಲ ಬದಲಾಗಿದೆ, ನೇಕಾರರು ಹೊಂದಿಕೊಳ್ಳಲಿಲ್ಲ, ಆದ್ದರಿಂದ ಕಷ್ಟಕ್ಕೆ ಬಿದ್ದರು ಎಂದು ದೊಡ್ಡವರು ಹೇಳುವುದನ್ನು ನೀವು ಕೇಳಿರಬಹುದು. ಇದು ಅರ್ಧ ಮಾತು. ಹೊಂದಿಕೊಳ್ಳುವ ಪರಿಣತಿ ಎಲ್ಲಿ ಬೆಳೆಯುತ್ತದೆ ಎಂಬುದನ್ನೂ ಹತಾನೊ ಮತ್ತು ಇನಗಾಕಿ ಯೋಚಿಸಿದ್ದರು. ಕೆಲಸದಲ್ಲಿ ವೈವಿಧ್ಯ ಇರಬೇಕು. ಸುತ್ತಲಿನವರು “ಬೇಗ ಮುಗಿಸು” ಎನ್ನುವುದಕ್ಕಿಂತ “ಏಕೆ ಹೀಗಾಯಿತು” ಎಂದು ಕೇಳುವವರಾಗಿರಬೇಕು. ತಪ್ಪಿದರೆ ದೊಡ್ಡ ನಷ್ಟವಾಗುವಂತಿರಬಾರದು. ಈಗ ಮಗ್ಗದ ಮನೆ ನೋಡಿ. ಬಹಳಷ್ಟು ನೇಕಾರರಿಗೆ ಕೂಲಿ ದಿನದ ಲೆಕ್ಕದಲ್ಲಿ ಇಲ್ಲ, ಸೀರೆಯ ಲೆಕ್ಕದಲ್ಲಿ. ನೂಲು ಬೇರೆಯವರದು, ವಿನ್ಯಾಸ ಬೇರೆಯವರದು. ಹೊಸದೊಂದನ್ನು ಪ್ರಯತ್ನಿಸಲು ಎರಡು ದಿನ ಕಳೆದರೆ ಎರಡು ದಿನದ ಕೂಲಿ ಇಲ್ಲ. ನೂಲು ಕೆಟ್ಟರೆ ಅದರ ಹಣವೂ ಕೈಬಿಟ್ಟೀತು. 2020ರ ಲಾಕ್‌ಡೌನಿನಲ್ಲಿ ಮಗ್ಗಗಳು ನಿಂತಾಗ ಇಂಥ ಎಷ್ಟೋ ಮನೆಗಳಲ್ಲಿ ಉಳಿತಾಯವೇ ಇರಲಿಲ್ಲ. ಅಂಥವರಿಗೆ “ಪ್ರಯೋಗ ಮಾಡಿ, ಹೊಂದಿಕೊಳ್ಳಿ” ಎಂದು ಹೇಳಿ ಸುಮ್ಮನಾಗುವುದು ನ್ಯಾಯವಲ್ಲ. 2019-20ರ ಕೈಮಗ್ಗ ಗಣತಿಯ ಪ್ರಕಾರ ದೇಶದಲ್ಲಿ ಕೈಮಗ್ಗದ ಕೆಲಸದಲ್ಲಿರುವವರೇ ಸುಮಾರು 35 ಲಕ್ಷ ಜನ. ಅವರಿಗೆ ಹೊಸ ನೂಲು, ಹೊಸ ವಿನ್ಯಾಸ ಕಲಿಸುವ ಸರ್ಕಾರಿ ನೇಕಾರರ ಸೇವಾ ಕೇಂದ್ರಗಳಿವೆ, ಬೆಂಗಳೂರಿನಲ್ಲೂ ಒಂದಿದೆ. ರಬಕವಿಯ ನೇಕಾರನಿಗೆ ಬೆಂಗಳೂರು ದೂರ. ಕಲಿಸುವವರು ಓಣಿಗೆ ಬರಬೇಕು, ಕಲಿಯುವ ದಿನಗಳ ಕೂಲಿಯನ್ನೂ ತುಂಬಿಕೊಡಬೇಕು ಎಂಬುದು ನನ್ನ ಅಭಿಪ್ರಾಯ.

ಅವರಿಗೆ ಹೋಲಿಸಿದರೆ ನಿಮಗೊಂದು ಅನುಕೂಲ ಇದೆ. ಶಾಲೆಯಲ್ಲಿ ಲೆಕ್ಕ ತಪ್ಪಿದರೆ ಯಾರ ಸೀರೆಯೂ ಕೆಡುವುದಿಲ್ಲ, ಯಾರ ಊಟವೂ ತಪ್ಪುವುದಿಲ್ಲ. ಮಾಡಿ ನೋಡಿ, ಕೆಡಿಸಿ, ಮತ್ತೆ ಮಾಡಬಹುದು. ಆದರೆ ನಾವೇನು ಮಾಡುತ್ತಿದ್ದೇವೆ? ಗೈಡಿನ ಉತ್ತರ ಬಾಯಿಪಾಠ ಮಾಡಿಸುತ್ತೇವೆ, ಒಂದು ಅಂಕಿ ಬದಲಿಸಿದರೆ ಮಕ್ಕಳು ಪೆನ್ನು ಕಚ್ಚುತ್ತ ಕೂಡುತ್ತಾರೆ. ಬಟ್ಟಲು ಅಳೆದು ರೊಟ್ಟಿ ಮಾಡುವವರಂತೆ! ಶಿಕ್ಷಕರಲ್ಲಿ ನನ್ನ ಕೋರಿಕೆ ಇಷ್ಟೆ. ವಾರಕ್ಕೊಂದು ಅವಧಿಯಲ್ಲಾದರೂ ಉತ್ತರಕ್ಕೆ ಅಂಕ ಕೊಡಬೇಡಿ. ಮಗು ಪ್ರಯತ್ನಿಸಿದ ದಾರಿ ಯಾವುದು, ಅದು ಎಲ್ಲಿ ಕೈಕೊಟ್ಟಿತು, ಆಮೇಲೆ ಏನು ಬದಲಿಸಿತು ಎಂದು ಕೇಳಿ. ಮಗ್ಗ, ಒಲೆ, ಗಾಣ, ಪಂಪ್‌ಸೆಟ್ಟು, ಏನಾದರೂ ಸರಿ, ಮಕ್ಕಳ ಮನೆಯ ಒಂದು ಕೆಲಸವನ್ನು ಆ ಅವಧಿಗೆ ತನ್ನಿ. ಸಾಧ್ಯವಾದರೆ ಆ ಕೆಲಸ ಬಲ್ಲ ಹಿರಿಯರನ್ನೇ ಕರೆದು ಮುಂದೆ ಕೂರಿಸಿ. ಅವರಿಗೆ ಪುಸ್ತಕದ ಶಬ್ದಗಳು ಗೊತ್ತಿರಲಿಕ್ಕಿಲ್ಲ. ಶಬ್ದಗಳನ್ನು ನೀವು ಸೇರಿಸಿ.

ಹಾಗೆ ಯಾರಾದರೂ ನೇಕಾರರು ನಿಮ್ಮ ಶಾಲೆಗೆ ಬಂದರೆ, ಇಲ್ಲವೇ ಇಂದು ಸಂಜೆ ನಿಮ್ಮ ಅಜ್ಜನೇ ಮಗ್ಗದಿಂದ ಎದ್ದು ಚಹಾ ಕುಡಿಯುತ್ತ ಕೂತಿದ್ದರೆ, ಇದೊಂದು ಪ್ರಶ್ನೆ ಕೇಳಿ: ಹಾಸಿನ ನೂಲಿಗೆ ಗಂಜಿ ಹಾಕುತ್ತೀರಿ, ಹೊಕ್ಕಿನ ನೂಲಿಗೆ ಸಾಮಾನ್ಯವಾಗಿ ಹಾಕುವುದಿಲ್ಲ, ಏಕೆ? ಅವರು ಹೇಳುವ ಮೊದಲು ನಿಮ್ಮ ಊಹೆಯನ್ನು ನೋಟುಬುಕ್ಕಿನಲ್ಲಿ ಬರೆದಿಟ್ಟುಕೊಳ್ಳಿ. ಲಾಳಿ 12,960 ಸಲ ಓಡುವಾಗ ಯಾವ ಎಳೆ ಎಷ್ಟು ಸಲ ಉಜ್ಜಿಸಿಕೊಳ್ಳುತ್ತದೆ ಎಂಬುದರಿಂದ ಯೋಚನೆ ಆರಂಭಿಸಬಹುದು.